ಗೋಡೆಗೆ ಬರೆಯದೆ ಬಿಟ್ಟ ಬಾಗಿಲು

ಅವರ ಅಂಗಿಯ ಎಡಜೇಬು ಯಾವಾಗಲೂ ಬೆಳ್ಳಗಿರುತ್ತಿತ್ತು. ಅಂಗಿ ನೀಲಿ ಇರಲಿ, ಕಂದು ಇರಲಿ, ಜೇಬಿನ ಬಾಯಿ ಮಾತ್ರ ಸೀಮೆಸುಣ್ಣದ ಪುಡಿ ಮೆತ್ತಿಕೊಂಡಿರುತ್ತಿತ್ತು. ಬಲಗೈಯ ಹೆಬ್ಬೆರಳು, ತೋರುಬೆರಳುಗಳ ಗೆರೆಗಳಲ್ಲೂ ಅದೇ ಪುಡಿ. ಕೀಬೋರ್ಡಿನ ಮೇಲೆ ಆ ಬೆರಳುಗಳು ಓಡಾಡಿ ಕೆಲವು ಗುಂಡಿಗಳ ಅಕ್ಷರಗಳೇ ಕಾಣದಂತಾಗಿದ್ದವು. ಕೆಲಸಕ್ಕೆ ಸೇರಿದ ಮೊದಲ ದಿನ ನಾನು ಅವರನ್ನು ಯಾವುದೋ ಶಾಲೆಯ ಮಾಸ್ತರರು, ಅರ್ಜಿ ಕೊಡಲು ಬಂದಿದ್ದಾರೆ ಎಂದು ತಿಳಿದು, "ಹೊರಗ ಬೆಂಚಿನ ಮ್ಯಾಲ ಕುಂದರ್ರಿ ಸರ್, ಸರ್ವರ್ ನೋಡೋರು ಇನ್ನೂ ಬಂದಿಲ್ಲ" ಎಂದಿದ್ದೆ. ಅವರು ಹೋಗಿ ಅರ್ಧ ಗಂಟೆ ಬೆಂಚಿನ ಮೇಲೆ ಕುಳಿತರು. ಮ್ಯಾನೇಜರು ಬಂದು, "ಸರ್ವರ್ ನೋಡೋರನ್ನ ನೀನ ಹೊರಗ ಕುಂದ್ರಿಸಿಯಲ್ಲವಾ" ಎಂದಾಗ ನನಗೆ ನೆಲ ಬಾಯಿ ಬಿಡಬಾರದೇ ಅನ್ನಿಸಿತು. ಅವರು ನಕ್ಕರು.

"ಗುರ್ತಿಲ್ಲದಾಂವನ್ನ ಹೊರಗ ಕುಂದ್ರಿಸ್ಯಾಳ. ಚಲೋನ ಮಾಡ್ಯಾಳ. ಈ ಕೆಲಸ ಕಲೀತಾಳ ಬಿಡ್ರಿ."

ಅದು ಶಹಾಪುರದಲ್ಲಿದ್ದ ಒಂದು ಒಕ್ಕೂಟದ ಕಚೇರಿ. ಕಾಲುವೆ ಬಂದು ಜೋಳದ ಹೊಲಗಳು ಭತ್ತದ ಗದ್ದೆಗಳಾದ ಮೇಲೆ ನಮ್ಮ ಕಡೆ ಬದುವಿನ ಜಗಳ ಹಿಂದೆ ಸರಿದು ಪಾಳಿಯ ಜಗಳ ಮುಂದೆ ಬಂತು. ಯಾವ ಉಪಕಾಲುವೆಗೆ ಯಾವ ದಿನ ನೀರು, ಎಷ್ಟು ಹೊತ್ತು ಎಂಬುದನ್ನು ಬರೆದ ಪಟ್ಟಿಯೇ ಪಾಳಿ ಪಟ್ಟಿ. ಮೊದಲು ಅದನ್ನು ಕಾಗದಕ್ಕೆ ಬರೆದು ಫಲಕಕ್ಕೆ ಅಂಟಿಸುತ್ತಿದ್ದರು. ಸಂಜೆಯೊಳಗೆ ಯಾರಾದರೂ ಹರಿದಿರುತ್ತಿದ್ದರು. ಅದಕ್ಕೇ ನೀರು ಬಳಸುವ ರೈತ ಸಂಘಗಳೆಲ್ಲ ಕೂಡಿ ಪಟ್ಟಿಯನ್ನು ಇಂಟರ್ನೆಟ್ಟಿಗೆ ಹಾಕಿಸಿದವು. ಗೇಟು ಕಾಯುವವರು ಬೆಳಗ್ಗೆ ಮೊಬೈಲಿನಲ್ಲಿ ಪಟ್ಟಿ ನೋಡಿ ಗೇಟು ತಿರುಗಿಸಬೇಕು, ಸಂಜೆ ನೀರಿನ ಮಟ್ಟವನ್ನು ಅದರಲ್ಲೇ ತುಂಬಬೇಕು. ಈ ಪುಟಗಳನ್ನು ಬರೆದವಳು ನಾನು: ಸುರಪುರದಿಂದ ದಿನಾ ಬಸ್ಸಿಗೆ ಬರುತ್ತಿದ್ದ, ಕಂಪ್ಯೂಟರ್ ಡಿಪ್ಲೊಮಾ ಮುಗಿಸಿ ತನಗೆಲ್ಲ ಗೊತ್ತೆಂದು ತಿಳಿದಿದ್ದ ಹುಡುಗಿ. ನಾನು ಬರೆದದ್ದನ್ನು ಕಾಯುವುದು ಅವರ ಕೆಲಸ. ಕಚೇರಿಯಲ್ಲಿ ಎಲ್ಲರೂ ಅವರನ್ನು ಸಾಹೇಬರು ಎನ್ನುತ್ತಿದ್ದರು. ಗೇಟಿನವರು ಮಾತ್ರ ಬೆನ್ನ ಹಿಂದೆ 'ದರವಾಜಾ ಸಾಹೇಬ್ರು' ಎಂದು ನಗುತ್ತಿದ್ದರು.

ಆ ಹೆಸರು ಬಂದದ್ದು ಬಾಗಿಲುಗಳ ಬಗ್ಗೆ ಅವರಿಗಿದ್ದ ಹಟದಿಂದ. ಪಾಳಿ ಪಟ್ಟಿ ಇದ್ದ ಯಂತ್ರವನ್ನು ನೇರವಾಗಿ ಜಗತ್ತಿನ ಮುಂದೆ ಇಡಲು ಅವರು ಒಪ್ಪಲೇ ಇಲ್ಲ. ಅದರ ಮುಂದೆ ಇನ್ನೊಂದನ್ನು ನಿಲ್ಲಿಸಬೇಕು, ಬಂದವರೆಲ್ಲ ಅದನ್ನೇ ಕೇಳಬೇಕು, ಅದು ಒಳಗೆ ಕೇಳಿ ಉತ್ತರ ತರಬೇಕು, ಒಳಗಿನದು ಯಾರ ಕಣ್ಣಿಗೂ ಬೀಳಬಾರದು ಎಂದರು. ರಿವರ್ಸ್ ಪ್ರಾಕ್ಸಿ ಎಂಬ ಮಾತನ್ನು ನಾನು ಓದಿದ್ದೆ, ಪರೀಕ್ಷೆಯಲ್ಲಿ ಎರಡು ಪುಟ ಬರೆದೂ ಇದ್ದೆ. ಅದು ಏನೆಂದು ತಿಳಿದದ್ದು ಮಾತ್ರ ಅವರು ತಮ್ಮ ಅಜ್ಜಿಯ ವಿಷಯ ಹೇಳಿದಾಗ.

"ನಮ್ಮ ಮನ್ಯಾಗ ಗಂಡಸರು ಇಲ್ಲದಾಗ ಯಾರಾರ ಬಂದ್ರ ನಮ್ಮ ದಾದಿ ಬಾಗಲ ಪರದಾದ ಹಿಂದ ಕುಂತು ಮಾತಾಡ್ತಿದ್ಲು" ಎಂದರು. "ಯಾರು, ಎಲ್ಲಿಂದ, ಏನ್ ಕೆಲಸ? ಮೂರ ಸವಾಲು. ಬಂದಾಂವನ ಮಾತು ಒಳಗ ಮುಟ್ಟಸ್ತಿದ್ಲು, ಒಳಗಿನ ಜವಾಬು ಹೊರಗ ಮುಟ್ಟಸ್ತಿದ್ಲು. ಒಳಗ ಎಷ್ಟ್ ಮಂದಿ ಅದಾರ, ಎಷ್ಟ್ ಖೋಲಿ ಅದಾವ, ಹೊರಗ ನಿಂತಾಂವಗ ಏನೂ ತಿಳೀತಿರಲಿಲ್ಲ. ಮಾತಿನ ಧಾಟಿ ಸರಿ ಕಾಣಲಿಲ್ಲಂದ್ರ 'ಮುಂದ ಹೋಗಪಾ' ಅಂತಿದ್ಲು, ಮುಗೀತು. ಪ್ರಾಕ್ಸಿ ಅಂದ್ರ ನಮ್ಮ ದಾದಿ ನೋಡು ಬೇಟಾ."

"ಮತ್ತ ಫೈರ್‌ವಾಲ್ ಏನ್ರಿ?"

"ಅದು ಮನಿ ಸುತ್ತಲಿನ ಗ್ವಾಡಿ. ಹಿಂದಿನ ಗ್ವಾಡಿ ಬಿದ್ದಿದ್ರ, ದಾದಿ ಮುಂದಿನ ಬಾಗಲದಾಗ ಕುಂತು ಏನ್ ಮಾಡ್ತಾಳ?"

ಸುಣ್ಣದ ಪುಡಿಯ ಕಾರಣ ಈಗ ಹೇಳಬೇಕು. ಒಂದು ಸರ್ವರಿಗೆ ಸಾವಿರಾರು ಬಾಗಿಲುಗಳಿರುತ್ತವೆ, ಪ್ರತಿಯೊಂದಕ್ಕೂ ಒಂದು ನಂಬರು. ಬೇಕಾದ ಎರಡು ಮೂರು ಬಿಟ್ಟು ಉಳಿದದ್ದೆಲ್ಲ ಮುಚ್ಚಿಡುವುದೇ ಫೈರ್‌ವಾಲಿನ ಕೆಲಸ. ಸಾಹೇಬರು ತಮ್ಮ ಕೋಣೆಯ ಒಂದು ಗೋಡೆಗೆ ಕಪ್ಪು ಬಣ್ಣ ಹೊಡೆಸಿ, ತೆರೆದಿರುವ ಪ್ರತಿ ಬಾಗಿಲ ನಂಬರನ್ನೂ ಅದರ ಮೇಲೆ ಬರೆಯುತ್ತಿದ್ದರು. ನಂಬರಿನ ಮುಂದೆ ಯಾರಿಗಾಗಿ ತೆರೆದದ್ದು, ತೆರೆದವರು ಯಾರು, ಮುಚ್ಚುವ ದಿನ ಯಾವುದು. ಮುಚ್ಚಿದ ಮೇಲೆ ಒರೆಸುತ್ತಿರಲಿಲ್ಲ, ಅಡ್ಡಗೆರೆ ಎಳೆಯುತ್ತಿದ್ದರು. "ಬರದಿಲ್ಲ ಅಂದ್ರ ಬಂದ್ ಐತಿ ಅಂತ ತಿಳಿ" ಎಂಬುದು ಅವರ ಮಾತು. ದಿನಕ್ಕೆ ಒಮ್ಮೆಯಾದರೂ ಕೇಳುತ್ತಿದ್ದೆವು.

"ಇದೆಲ್ಲ ಕಂಪ್ಯೂಟರಿನ್ಯಾಗ ಇರ್ತೈತಲ್ರಿ, ಗ್ವಾಡಿ ಮ್ಯಾಲ ಯಾಕ ಬೇಕು?" ಎಂದು ನಾನು ಕೆಣಕಿದ್ದೆ.

"ಕಂಪ್ಯೂಟರಿನ್ಯಾಗಿಂದು ಹುಡುಕಿದವರಿಗೆ ಕಾಣ್ತೈತಿ. ಗ್ವಾಡಿ ಮ್ಯಾಲಿಂದು ಹುಡುಕಲಾರದವರಿಗೂ ಕಾಣ್ತೈತಿ."

ಪ್ರತಿ ತಿಂಗಳು ಒಂದನೇ ತಾರೀಖಿಗೆ ಅವರು ಎದುರಿನ ಚಹಾದಂಗಡಿಗೆ ಹೋಗಿ, ಸ್ವಂತ ಮೊಬೈಲಿನಿಂದ ನೆಟ್ ಹಿಡಿದು, ಗುರುತಿಲ್ಲದವನ ಹಾಗೆ ನಮ್ಮ ಸರ್ವರಿನ ಬಾಗಿಲುಗಳನ್ನು ಒಂದೊಂದಾಗಿ ತಟ್ಟಿ ನೋಡುತ್ತಿದ್ದರು. ಒಂದು ತಾಸು ಹಿಡಿಯುತ್ತಿತ್ತು, ಎರಡು ಚಹಾ ಆಗುತ್ತಿದ್ದವು. ಒಳಗೆ ಕುಳಿತವರಿಗೆ ಎಲ್ಲ ಗಟ್ಟಿಯಾಗಿಯೇ ಕಾಣುತ್ತದೆ, ಅದಕ್ಕೇ ಹೊರಗೆ ಹೋಗಬೇಕು ಎನ್ನುತ್ತಿದ್ದರು. ಗೇಟಿನವರಿಗೆ ಇದೆಲ್ಲ ದೊಡ್ಡ ತಮಾಷೆಯಾಗಿತ್ತು. ಪಾಳಿ ಪಟ್ಟಿಯನ್ನು ಯಾವ ಊರಿನ ಕಳ್ಳ ಬಂದು ಕದಿಯುತ್ತಾನೆ ಎಂದು ನಾನೂ ಅವರ ಜೊತೆ ನಕ್ಕಿದ್ದೇನೆ.

ಒಂದು ದಿನ ಊಟ ಮಾಡುವಾಗ ಅವರು ತಮ್ಮ ತಾಯಿಯ ವಿಷಯ ತೆಗೆದರು. ಊಟಕ್ಕೆ ಅವರು ಯಾವಾಗಲೂ ಒಂದು ರೊಟ್ಟಿ ಹೆಚ್ಚು ತರುತ್ತಿದ್ದರು, ಅದು ನನ್ನದು. ತಾಯಿಗೆ ಕೊನೆಗಾಲದಲ್ಲಿ ಮರೆವಿನ ರೋಗ ಬಂದು ಎಲ್ಲ ಅಳಿಸಿಹೋಗಿತ್ತಂತೆ. ದಿನಾ ಬೆಳಗ್ಗೆ ಮಗನ ಮುಖ ನೋಡಿ "ನೀ ಯಾರ ಮಗಾ ಅಪ್ಪಾ?" ಎಂದು ಕೇಳುತ್ತಿದ್ದರಂತೆ. ಇವರು ದಿನಾ ಬೆಳಗ್ಗೆ ತಮ್ಮ ಹೆಸರು, ತಂದೆಯ ಹೆಸರು ಹೇಳುತ್ತಿದ್ದರಂತೆ. "ಮನಿತನದಾಗ ಐತದು. ನಮ್ಮ ನಾನಿಗೂ ಇತ್ತು, ಅಮ್ಮಾನ ತಾಯಿಗೆ" ಎಂದು ರೊಟ್ಟಿ ಮುರಿದರು. ಅವರ ಬಾಯಲ್ಲಿ ಭಯದ ಮಾತು ನಾನು ಕೇಳಿದ್ದು ಅದೊಂದೇ. ಗೋಡೆಗೆ ಬರೆಯುವ ಚಾಳಿ ಅಲ್ಲಿಂದಲೇ ಬಂದಿರಬೇಕೆಂದು ಆಗಲೇ ಹೊಳೆದಿತ್ತು.

ಇಷ್ಟು ತಿಳಿದೂ ನಾನು ಮಾಡಿದ್ದನ್ನು ಮಾಡಿದೆ.

ಕೊಂಕಲ್ ಕಡೆಯ ಉಪಕಾಲುವೆಯ ಮೇಲೆ ಹಿರಿಯನೊಬ್ಬ ಗೇಟಿನವನಿದ್ದ. ವಯಸ್ಸಿಡೀ ರಿಜಿಸ್ಟರು ಬರೆದ ಕೈ. ನಮ್ಮ ಕಡೆಯ ಹಳೆಯ ಕಾರಕೂನರಿಗೆ ಒಂದು ಅಭ್ಯಾಸವಿದೆ: ಏನೇ ಬರೆದರೂ ಕೊನೆಗೆ ಎರಡು ಪುಟ್ಟ ಅಡ್ಡಗೆರೆ ಎಳೆಯುತ್ತಾರೆ, ಆಮೇಲೆ ಬೇರೆ ಯಾರೂ ಅಲ್ಲಿ ಏನೂ ಸೇರಿಸಬಾರದು ಎಂದು. ಸುರಪುರದಲ್ಲಿ ಕಾರಕೂನರಾಗಿದ್ದ ನಮ್ಮಪ್ಪ ಮನೆಯ ಕಿರಾಣಿ ಚೀಟಿಯಲ್ಲಿ ಬೆಲ್ಲ, ಎಣ್ಣೆಯ ಮುಂದೆ ಕೂಡ ಎಳೆಯುತ್ತಿದ್ದರು. ಈ ಗೇಟಿನವನೂ ಮೊಬೈಲಿನಲ್ಲಿ ನೀರಿನ ಮಟ್ಟ ತುಂಬಿ, ಪಕ್ಕದ ಷರಾದ ಖಾನೆಯಲ್ಲಿ "ಎಲ್ಲಾ ಸರಿ ಇದೆ" ಎಂದು ಬರೆದು ಎರಡು ಗೆರೆ ಹಾಕುತ್ತಿದ್ದ. ಸಾಹೇಬರ ಪ್ರಾಕ್ಸಿಗೆ ಅದು ಆಗುತ್ತಿರಲಿಲ್ಲ. ಸರ್ವರಿನ ಒಳಗಿನ ಆಜ್ಞೆಯ ಬಾಲ ಕತ್ತರಿಸಿ ತಮ್ಮ ಆಜ್ಞೆ ಅಂಟಿಸಲು ಕಳ್ಳರು ಬಳಸುವ ಗುರುತು ಕೂಡ ಅಂಥವೇ ಎರಡು ಅಡ್ಡಗೆರೆ. ಹಾಗಾಗಿ ಪ್ರಾಕ್ಸಿ ಅವನನ್ನು ಬಾಗಿಲಲ್ಲೇ ತಡೆದು, "ಅನುಮತಿ ಇಲ್ಲ" ಎಂದು ಕೆಂಪಕ್ಷರದಲ್ಲಿ ತೋರಿಸುತ್ತಿತ್ತು. ಯಾರೂ ಏನೂ ಸೇರಿಸದಿರಲಿ ಎಂದು ಅವನು ಹಾಕಿದ ಕಾವಲನ್ನು ನಮ್ಮ ಕಾವಲು ಕಳ್ಳನೆಂದು ಹಿಡಿಯುತ್ತಿತ್ತು.

"ಇಷ್ಟು ವರ್ಷ ಬರ್ದೀನಿ ಬಾಯಾರ, ಯಾ ಸಾಹೇಬನೂ ನನಗ ಅನುಮತಿ ಇಲ್ಲ ಅಂದಿಲ್ಲ. ನಿಮ್ಮ ಮಶೀನು ಅಂತೈತಿ" ಎಂದು ಅವನು ಫೋನಿನಲ್ಲಿ ಕೂಗುತ್ತಿದ್ದ. ಗೆರೆ ಹಾಕಬೇಡ ಎಂದರೆ ಹೂಂ ಎನ್ನುತ್ತಿದ್ದ, ಕೈ ತಾನಾಗಿ ಹಾಕುತ್ತಿತ್ತು.

ಆಗ ಸಾಹೇಬರು ಗುರುಮಠಕಲ್ಲಿನಲ್ಲಿದ್ದ ತಂಗಿಯ ಮಗಳ ಮದುವೆಗೆ ಐದು ದಿನ ರಜೆ ಹಾಕಿದರು. ಪಾಸ್‌ವರ್ಡ್ ಗೊತ್ತಿದ್ದದ್ದು ನಮ್ಮಿಬ್ಬರಿಗೇ. ಹೋಗುವಾಗ, "ಆ ಖಾನೆಗೆ ಅಷ್ಟ ನಿಯಮ ಸಡ್ಲ ಮಾಡಬೇಕು. ಅದು ನಾಜೂಕಿನ ಕೆಲಸ, ನಾ ಬಂದು ಮಾಡ್ತೀನಿ. ಅಲ್ಲಿತನಕ ಅಂವನ ಲೆಕ್ಕ ಫೋನಿನ್ಯಾಗ ಕೇಳಿ ನೀನ ತುಂಬು" ಎಂದರು. ಎರಡು ದಿನ ಹಾಗೇ ಮಾಡಿದೆ. ಮೂರನೇ ದಿನ ಅವನು ಆರು ಸಲ ಫೋನ್ ಮಾಡಿದ. ನನಗೆ ತಾಳ್ಮೆ ಎಂಬುದು ಹುಟ್ಟಿದಾಗಿನಿಂದ ಕಡಿಮೆ. ಪ್ರಾಕ್ಸಿಯ ಮೂಲಕ ಹೋಗುವ ದಾರಿ ಬಿಟ್ಟು, ಎಂಟು ಸಾವಿರದ ಎಂಬತ್ತನೇ ನಂಬರಿನ ಬಾಗಿಲು ತೆರೆದು, ನೇರವಾಗಿ ಪಾಳಿ ಪಟ್ಟಿಗೇ ಹೋಗುವಂತೆ ಮಾಡಿದೆ. ಅವನ ಮೊಬೈಲಿನ ವಿಳಾಸ ದಿನಾ ಬದಲಾಗುತ್ತಿದ್ದುದರಿಂದ ಅವನೊಬ್ಬನಿಗೆ ಎಂದು ತೆರೆಯಲು ಬರಲಿಲ್ಲ. ಇಡೀ ಲೋಕಕ್ಕೆ ತೆರೆದೆ. ಲಿಂಕು ಕಳಿಸಿದ ಎರಡು ನಿಮಿಷಕ್ಕೆ ಅವನ ಫೋನು ಬಂತು.

"ಹೋತ್ರೀ ಬಾಯಾರ! ಗೆರಿ ಸುದ್ದಾ ಹೋತು!"

ಅವನಿಗಿಂತ ನನಗೇ ಖುಷಿ. ಸಂಜೆ ಮುಚ್ಚಿದರಾಯಿತು, ಅಷ್ಟಕ್ಕೆ ಗೋಡೆಗೆ ಯಾಕೆ ಬರೆಯಬೇಕು ಎಂದುಕೊಂಡೆ. ಸಂಜೆ ಸುರಪುರದ ಬಸ್ಸು ಬೇಗ ಬಂತು, ಓಡಿಹೋಗಿ ಹತ್ತಿದೆ. ಮರುದಿನಕ್ಕೆ ಆ ಬಾಗಿಲು ನನ್ನ ತಲೆಯಿಂದ ಪೂರ್ತಿ ಹೋಗಿಬಿಟ್ಟಿತ್ತು. ಮರೆತವಳು ನಾನು. ಇದನ್ನು ಈಗ ಎಷ್ಟು ಸಲ ಬರೆದರೂ ಏನೂ ಬದಲಾಗುವುದಿಲ್ಲ.

ಸಾಹೇಬರು ತಿರುಗಿ ಬಂದ ಮರುದಿನ ಒಂದನೇ ತಾರೀಖು. ಮದುವೆಯಲ್ಲಿ ನೆಲದ ಮೇಲೆ ಕುಳಿತು ಕುಳಿತು ಅವರ ಮೊಣಕಾಲು ಹಿಡಿದಿತ್ತು. "ಈ ಸಲ ನೀ ಹೋಗಿ ತಟ್ಟಿ ನೋಡಿ ಬಾ ಬೇಟಾ" ಎಂದರು. ಹೋದೆ. ಚಹಾದಂಗಡಿಯಲ್ಲಿ ಕುಳಿತು ಮುಂಬಾಗಿಲು ತಟ್ಟಿ ನೋಡಿದೆ, ಇನ್ನೆರಡು ತಟ್ಟಿದೆ. ಮಾಡುವವರು ಮಾಡಿಟ್ಟಿದ್ದಾರೆ, ಇದನ್ನೇನು ನೋಡುವುದು ಎಂದು ಗೆಳತಿಗೆ ಫೋನ್ ಹಚ್ಚಿ ಒಂದು ತಾಸು ಹರಟಿ ಬಂದೆ. "ಎಲ್ಲಾ ಬಂದ್ ಅದಾವ್ರಿ" ಎಂದೆ. ಅವರು ಗೋಡೆಯ ಮೂಲೆಯಲ್ಲಿ ತಾರೀಖು ಬರೆದು, ಪರೀಕ್ಷೆ ಆಯಿತೆಂದು ನನ್ನ ಹೆಸರು ಹಾಕಿದರು. ಅದರ ಮರುದಿನ ಕುಳಿತು ಆ ಎರಡು ಗೆರೆಯ ನಿಯಮ ಸಡಿಲ ಮಾಡಿದರು. ಅದನ್ನು ಪರೀಕ್ಷಿಸಲು ಅರ್ಧ ದಿನ ಫೈರ್‌ವಾಲಿನಲ್ಲೂ ಏನೇನೋ ತೆರೆದು, ಮುಚ್ಚಿ, ತೆರೆದು ನೋಡಿದರು; ನನ್ನ ಮಾತು ನಂಬಿ ನಿಯಮಗಳ ಪೂರ್ತಿ ಪಟ್ಟಿಯನ್ನು ಮಾತ್ರ ತೆಗೆದು ನೋಡಲಿಲ್ಲ. ಕೊಂಕಲ್ಲಿನವನ ಷರಾ ಗೆರೆಸಮೇತ ಮುಂಬಾಗಿಲಿನಿಂದಲೇ ಒಳಗೆ ಬಂತು. ನಾನು ತೆರೆದ ಹಿಂಬಾಗಿಲು ಆಮೇಲೆ ಯಾರಿಗೂ ಬೇಕಿರಲಿಲ್ಲ.

ಒಂದೆರಡು ವಾರ ಕಳೆದ ಮೇಲೆ, ಒಂದು ಬೆಳಗ್ಗೆ ಬಸ್ಸಿಳಿದು ಬರುವಾಗ ಕಚೇರಿಯ ಮುಂದೆ ಟ್ರ್ಯಾಕ್ಟರು ನಿಂತಿತ್ತು, ಅದರ ತುಂಬ ಜನ. ಪಾಳಿ ಪಟ್ಟಿ ಇದ್ದ ಪುಟದಲ್ಲಿ ಪಟ್ಟಿ ಇರಲಿಲ್ಲ, ಬೆದರಿಕೆಯ ಒಂದು ಇಂಗ್ಲಿಷ್ ವಾಕ್ಯವಿತ್ತು. ಯಾರೋ ಒಳಹೊಕ್ಕು ಎಲ್ಲ ಅಳಿಸಿದ್ದರು. ಅಂದು ಕಾಲುವೆಯ ಕೊನೆಯ ಹಳ್ಳಿಗಳ ಪಾಳಿ ಶುರುವಾಗಬೇಕಿತ್ತು. ಮೇಲಿನ ಗೇಟಿನವರು ಪಟ್ಟಿ ಕಾಣದ್ದರಿಂದ ಗೇಟುಗಳನ್ನು ಇದ್ದ ಹಾಗೇ ಬಿಟ್ಟಿದ್ದರು, ನೀರು ಮೇಲೆಯೇ ನಿಂತಿತ್ತು. ಸಾಹೇಬರು ತಾವು ಬೇರೆ ಕಡೆ ಇಟ್ಟಿದ್ದ ನಕಲಿನಿಂದ ಮಧ್ಯಾಹ್ನದೊಳಗೆ ಪಟ್ಟಿಯನ್ನು ಮತ್ತೆ ನಿಲ್ಲಿಸಿದರು. ಆದರೆ ಒಮ್ಮೆ ಮೇಲಿನವರ ಗದ್ದೆಗೆ ತಿರುಗಿದ ನೀರನ್ನು ಕೆಳಗೆ ಇಳಿಸುವುದು ಕಂಪ್ಯೂಟರಿನ ಕೆಲಸವಲ್ಲ. ಅದಕ್ಕೆ ನಾಲ್ಕೈದು ದಿನ ಹಿಡಿಯಿತು. ಹೊಡೆ ಬಿಚ್ಚಿ ತೆನೆ ಹೊರಬರುವ ಹೊತ್ತಿನಲ್ಲಿದ್ದ ಭತ್ತ ಆ ದಿನಗಳನ್ನು ತಡೆಯಲಿಲ್ಲ.

ಅಂದು ಮಧ್ಯಾಹ್ನ ಅವರು ಪ್ರಾಕ್ಸಿಯ ದಾಖಲೆಯನ್ನು ಸಾಲು ಸಾಲಾಗಿ ಓದಿದರು. ಅದರಲ್ಲಿ ಏನೂ ಇರಲಿಲ್ಲ. "ದಾದಿ ಬಾಗಲ ಬಿಟ್ಟು ಎದ್ದಿಲ್ಲ. ಇಂವಾ ಬ್ಯಾರೆ ಕಡಿಂದ ಬಂದಾನ" ಎಂದರು. ಒಳಗಿನ ಸರ್ವರಿನ ದಾಖಲೆಯನ್ನು ಬಂದವನೇ ಅಳಿಸಿಹೋಗಿದ್ದ. ಕೊನೆಗೆ ಫೈರ್‌ವಾಲಿನ ನಿಯಮಗಳನ್ನು ಪರದೆಯ ಮೇಲೆ ತಂದರು. ನಾಲ್ಕನೆಯ ಸಾಲಿನಲ್ಲಿ ಎಂಟು ಸಾವಿರದ ಎಂಬತ್ತು, ಎಲ್ಲರಿಗೂ ತೆರೆದಿದೆ. ಯಾರು, ಯಾವಾಗ ಎಂಬ ಟಿಪ್ಪಣಿ ಇಲ್ಲ. ನನಗೆ ಆಗ ನೆನಪಾಯಿತು. ಅವರು ಪರದೆ ನೋಡಿದರು, ಗೋಡೆ ನೋಡಿದರು, ಮತ್ತೆ ಪರದೆ ನೋಡಿದರು. ಆಮೇಲೆ ನನ್ನ ಕಡೆ ತಿರುಗಿದರು. ಅವರ ದನಿಯಲ್ಲಿ ಸಂಶಯವಿರಲಿಲ್ಲ, ಸಮಯ ಎಷ್ಟಾಯಿತು ಎಂದು ಕೇಳುವ ಹಾಗೆ ಕೇಳಿದರು.

"ಇದನ್ನ ನೀ ತಗದಿಯೇನು ಬೇಟಾ?"

"ಇಲ್ರಿ."

"ಒಂದನೇ ತಾರೀಖಿಗೆ ನೀ ತಟ್ಟಿ ನೋಡಿದಾಗ ಬಂದ್ ಇತ್ತು?"

"ಹೌದ್ರಿ. ಎಲ್ಲಾ ಬಂದ್ ಇದ್ವು."

ಕಿಟಕಿಯ ಕೆಳಗೆ ಟ್ರ್ಯಾಕ್ಟರಿನ ಜನ ಕೂಗಾಡುತ್ತಿದ್ದರು. ನನಗೆ ಭಯವಾಗಿದ್ದು ಕೆಲಸ ಹೋದೀತೆಂದಲ್ಲ, ಹಾಗೆ ಹೇಳಿಕೊಂಡರೆ ಅದೂ ಒಂದು ನೆಪವಾದೀತು. ಆ ಜನರ ಎದುರು 'ನಾನೇ' ಎಂದು ನಿಲ್ಲಲು ಆಗಲಿಲ್ಲ, ಅಷ್ಟೇ. ಸಂಜೆ ಅವರೊಬ್ಬರೇ ಸಿಕ್ಕಾಗ ಹೇಳುತ್ತೇನೆ ಎಂದುಕೊಂಡೆ. ಸಾಹೇಬರು ನನ್ನ ಮಾತನ್ನು ಪೂರ್ತಿ ನಂಬಿದರು, ಮತ್ತು ನಂಬಿ ಲೆಕ್ಕ ಹಾಕತೊಡಗಿದರು. ಒಂದನೇ ತಾರೀಖಿಗೆ ಮುಚ್ಚಿತ್ತು. ಆಮೇಲೆ ಫೈರ್‌ವಾಲಿಗೆ ಕೈ ಹಾಕಿದವರು ತಾವೊಬ್ಬರೇ. ಅರ್ಧ ದಿನ ತೆರೆದು ಮುಚ್ಚಿ ಮಾಡಿದ್ದೂ ಹೌದು. ಬೆರಳು ಮಡಚುತ್ತಾ ಮಡಚುತ್ತಾ ಅವರ ಮುಖ ಸಣ್ಣದಾಗುತ್ತ ಹೋಯಿತು.

"ನಾನ ತಗದೀನಿ" ಎಂದರು ಕೊನೆಗೆ. "ನಾನ ತಗದು, ಬರೀದ ಬಿಟ್ಟೀನಿ. ನನಗ ನೆನಪಿಲ್ಲ ಬೇಟಾ. ಒಂದ್ ಚೂರೂ ನೆನಪಿಲ್ಲ."

ಕೊನೆಯ ಮಾತು ಹೇಳುವಾಗ ಅವರಿಗೆ ಪಾಳಿಯೂ ಭತ್ತವೂ ನೆನಪಿನಲ್ಲಿರಲಿಲ್ಲ. ಅವರು ತಾಯಿಯನ್ನು ನೆನೆಯುತ್ತಿದ್ದರು ಎಂದು ನನಗೆ ಗೊತ್ತಾಯಿತು. ಗೊತ್ತಾಗಿಯೂ ಬಾಯಿ ತೆರೆಯಲಿಲ್ಲ.

ವಿಚಾರಣೆ ಎಂದು ದೊಡ್ಡದೇನೂ ನಡೆಯಲಿಲ್ಲ. ಒಕ್ಕೂಟದ ಅಧ್ಯಕ್ಷರು ಒಳ್ಳೆಯವರು. ಆದದ್ದಾಯಿತು, ಒಂದು ತಿಂಗಳು ವಿಶ್ರಾಂತಿ ತೆಗೆದುಕೊಳ್ಳಿ ಎಂದರು. ಅಷ್ಟರಲ್ಲಿ ಕೊನೆಯ ಹಳ್ಳಿಯವರು ಎರಡನೇ ಸಲ ಬಂದಿದ್ದರು. ಈ ಸಲ ಕೂಗಲಿಲ್ಲ. ಒಬ್ಬ ಮುದುಕ ಒಂದು ಹಿಡಿ ತೆನೆ ತಂದು ಮೇಜಿನ ಮೇಲಿಟ್ಟ, ಬರೀ ಜೊಳ್ಳು. ಸಾಹೇಬರು ಒಂದು ಕಾಳು ಎತ್ತಿ ಉಗುರಿನಿಂದ ಸೀಳಿ ನೋಡಿ, ಅಧ್ಯಕ್ಷರಿಗೆ, "ಮರತಾಂವ ಕಾವಲಿಗೆ ಬರೂದಿಲ್ರಿ" ಎಂದರು. ಅದೇ ವಾರ ಕೆಲಸ ಬಿಟ್ಟರು. ಹೊರಡುವಾಗ ನನಗೆ ಹೇಳಿದ್ದು ಇಷ್ಟೇ: "ಮೊದಲ ಎಲ್ಲಾ ಪಾಸ್‌ವರ್ಡ್ ಬದಲ್ ಮಾಡು. ನನಗ ಹೇಳಬ್ಯಾಡ." ಅವರ ಕುರ್ಚಿಯಲ್ಲಿ ನಾನು ಕುಳಿತೆ. ಊಟದ ಹೊತ್ತಿಗೆ ಹೆಚ್ಚಿನ ರೊಟ್ಟಿ ಇರಲಿಲ್ಲ.

ಆಮೇಲೆ ಅವರ ಮನೆಗೆ ನಾನು ಎಷ್ಟು ಸಲ ಹೋಗಿದ್ದೇನೋ. ಪ್ರತಿ ಸಲವೂ ಹೇಳಲೆಂದೇ ಹೋಗಿದ್ದು. ಅವರ ಹೆಂಡತಿಯನ್ನು ನಾನು ಖಾಲಾ ಎನ್ನುತ್ತಿದ್ದೆ. ಮಗಳು ಮದುವೆಯಾಗಿ ಹೋಗಿದ್ದಳು, ಮನೆಯಲ್ಲಿ ಇವರಿಬ್ಬರೇ. ಅಡುಗೆಮನೆಯ ಗೋಡೆಯ ಮೇಲೆ ಸುಣ್ಣದ ಕಡ್ಡಿಯಲ್ಲಿ 'ಗ್ಯಾಸ್ ಬಂದ್', 'ನಲ್ಲಿ ಬಂದ್', 'ಗುಳಿಗೆ ಆಯಿತು' ಎಂದು ಸಾಲುಗಳು, ಪ್ರತಿಯೊಂದರ ಮುಂದೆ ತಾರೀಖು. ಎಲ್ಲ ಸಾಲುಗಳೂ ಸರಿಯಾಗಿದ್ದವು. ಅವರು ನನ್ನಿಂದ ತಮ್ಮ ಪರೀಕ್ಷೆ ಮಾಡಿಸಿಕೊಳ್ಳುತ್ತಿದ್ದರು. "ಹೋದ ಸಲ ನೀ ಬಂದಾಗ ಯಾ ವಾರ ಇತ್ತು ನಾ ಹೇಳ್ತೀನಿ, ತಪ್ಪಿದ್ರ ಹೇಳು" ಎನ್ನುತ್ತಿದ್ದರು. ಒಮ್ಮೆಯೂ ತಪ್ಪಲಿಲ್ಲ. ನಾನು ಉಟ್ಟ ಸೀರೆಯ ಬಣ್ಣ, ತಂದ ಹಣ್ಣು, ಆಡಿದ ಮಾತು ಎಲ್ಲ ಹೇಳುತ್ತಿದ್ದರು. ಸರಿ ಇದೆ ಎಂದರೆ ನಗುತ್ತಿದ್ದರು. ಆ ನಗು ಬೇಗ ಆರುತ್ತಿತ್ತು.

"ಕಲಬುರಗಿ ಡಾಕ್ಟರು ಏನೂ ಇಲ್ಲ ಅಂತಾರ" ಎಂದರು ಒಮ್ಮೆ. "ಅವರಿಗೇನು ಗೊತ್ತು? ಆ ಬಾಗಲ ಅವರು ನೋಡಿಲ್ಲ."

ಅಂದು ನನ್ನ ಬಾಯಿ ತೆರೆದೇ ಇತ್ತು. "ಸಾಹೇಬ್ರ, ಆ ಬಾಗಲ..." ಎಂದೂ ಅಂದೆ. ಅವರು ಎಷ್ಟು ಗಮನವಿಟ್ಟು ನನ್ನ ಮುಖ ನೋಡಿದರೆಂದರೆ, ಆ ಕಣ್ಣಿನಲ್ಲಿ ನಾನು ಮುಂದೆ ಏನಾಗಿ ಉಳಿಯುತ್ತೇನೆ ಎಂಬ ಯೋಚನೆ ಬಂತು. ಅವರು ಬೇಟಾ ಎಂದು ಕರೆಯುತ್ತಿದ್ದ ಒಬ್ಬಳನ್ನು ಉಳಿಸಿಕೊಳ್ಳಲು ನಾನು ಅವರ ತಲೆ ಸರಿಯಿದೆ ಎಂಬ ಮಾತನ್ನು ಅವರಿಂದ ಮುಚ್ಚಿಟ್ಟೆ. "ಆ ಬಾಗಲದ ವಿಚಾರ ಬಿಟ್ಟುಬಿಡ್ರಿ" ಎಂದು ಮುಗಿಸಿದೆ. ಖಾಲಾ ಚಹಾ ತಂದರು, ಕುಡಿದೆ, ಬಸ್ಸಿಗೆ ಹೊತ್ತಾಯಿತೆಂದು ಎದ್ದೆ. ಅವರು ಬೀದಿಯ ತುದಿಯವರೆಗೆ ಕಳಿಸಲು ಬರುತ್ತೇನೆಂದರು. ಖಾಲಾ ಒಳಗಿಂದಲೇ ಬೇಡವೆಂದರು, ಅವರು ಚಪ್ಪಲಿ ಬಿಟ್ಟು ಕುಳಿತರು.

ನಾನು ಆಮೇಲೆ ಯಾದಗಿರಿಗೆ ಬಂದೆ. ಹತ್ತು ಹಲವು ಕಚೇರಿಗಳ ಸರ್ವರುಗಳು ಈಗ ನನ್ನ ಕೈಯಲ್ಲಿವೆ, ಎಲ್ಲದರ ಮುಂದೆಯೂ ಒಂದೊಂದು ಪ್ರಾಕ್ಸಿ ಕುಳಿತಿದೆ. ಕೈಕೆಳಗಿನ ಹುಡುಗಿಯರಿಗೆ ದಾದಿಯ ವಿಷಯ ಹೇಳಿಯೇ ಪ್ರಾಕ್ಸಿ ಕಲಿಸುತ್ತೇನೆ. ನಾನು ತಿನ್ನುವ ಅನ್ನ ಅವರು ಕಲಿಸಿದ ವಿದ್ಯೆಯದು. ಈ ಋಣಕ್ಕೆ ನಾನು ಕೊಟ್ಟದ್ದೇನು ಎಂಬುದು ನನಗೆ ಗೊತ್ತಿದೆ. ಶಹಾಪುರಕ್ಕೆ ಹೋಗುವುದು ವರ್ಷಕ್ಕೆ ಎರಡು ಸಲವಾಯಿತು, ಆಮೇಲೆ ಒಂದು.

ಅವರು ಹೋದ ಸುದ್ದಿ ಹಳೆಯ ಮ್ಯಾನೇಜರರ ಫೋನಿನಲ್ಲಿ ಬಂತು. ಬೆಳಗಿನ ನಮಾಜು ಮುಗಿಸಿ ಕುಳಿತವರು ಹಾಗೇ ಒರಗಿದ್ದರು, ಎದೆಯ ನೋವು. ನಾನು ಹೋಗುವ ಹೊತ್ತಿಗೆ ಮಣ್ಣು ಆಗಿತ್ತು. ಖಾಲಾ ಇದ್ದತ್ತಿನಲ್ಲಿದ್ದರು, ಗಂಡ ಹೋದ ಮೇಲೆ ನಾಲ್ಕು ತಿಂಗಳು ಹತ್ತು ದಿನ ಹೆಂಗಸರು ಮನೆ ಬಿಟ್ಟು ಹೊರಡುವುದಿಲ್ಲ. ಒಳಕೋಣೆಯಲ್ಲಿ ಚಾಪೆಯ ಮೇಲೆ ಒಬ್ಬರೇ ಕುಳಿತಿದ್ದರು. ನಾನು ಪಕ್ಕದಲ್ಲಿ ಕುಳಿತೆ. ಅವರೇ ಮಾತು ತೆಗೆದರು.

"ಒಂದು ಚಲೋ ಆತಮ್ಮಾ. ಅವರ ಅಮ್ಮಾಗ ಆದಂಗ ಆಗಲಿಲ್ಲ. ಮರವು ಪೂರಾ ಏರೂದಕ್ಕಿಂತ ಮೊದಲ ಅಲ್ಲಾ ಕರ್ಕೊಂಡ. ಕಡಿ ದಿನದ ತನಕ ನನ್ನ ಹೆಸರು ಹಿಡಿದು ಕರದ್ರು."

ಇನ್ನು ಸುಮ್ಮನಿದ್ದರೆ ನಾನು ಮನುಷ್ಯಳೇ ಅಲ್ಲ ಎನ್ನಿಸಿತು. "ಖಾಲಾ, ಅವರಿಗೆ ಮರವು ಇರಲೇ ಇಲ್ರಿ" ಎಂದೆ. ಅವರಿಗೆ ತಿಳಿಯಲಿಲ್ಲ. ಮೊದಲಿನಿಂದ ಹೇಳಿದೆ. ಎರಡು ಗೆರೆ, ಮದುವೆಯ ಐದು ದಿನ, ನಾನು ತೆರೆದ ಬಾಗಿಲು, ನೋಡದೆ ನೋಡಿದೆನೆಂದದ್ದು, 'ಇಲ್ರಿ' ಎಂದದ್ದು. ಮರೆತವಳು ನಾನು, ಅವರಲ್ಲ, ಅವರ ನೆನಪು ಒಂದು ದಿನವೂ ತಪ್ಪಿರಲಿಲ್ಲ ಎಂದೆ. ಬೈಯಲಿ, ಎದ್ದು ಹೋಗು ಎನ್ನಲಿ ಎಂದು ಕಾದೆ. ಅವರು ಬೈಯಲಿಲ್ಲ. ಅವರು ನನ್ನ ಬಗ್ಗೆ ಯೋಚಿಸುತ್ತಲೇ ಇರಲಿಲ್ಲ.

"ಹೋದ ವರ್ಷ ಗುರುಮಠಕಲ್ಲಿಗೆ ತಂಗಿ ಮನಿಗೆ ಒಬ್ಬಾಂವನ ಹೋಗಿ ಬರ್ತೀನಂತ ಹಟಾ ಹಿಡಿದ್ರು" ಎಂದರು ನಿಧಾನವಾಗಿ. "ನಾ ಬ್ಯಾಡ ಅಂದೆ. ನಾ ಮಾರ್ಕೆಟ್ಟಿಗೆ ಹೋದಾಗ ಸುಮ್ಮನ ಎದ್ದು ಹೋಗಿಬಿಟ್ಟಿದ್ರು. ಓಡಿಕೋತ ಬಸ್‌ಸ್ಟ್ಯಾಂಡಿಗೆ ಹೋದೆ. ಬಸ್ಸಿನ್ಯಾಗ ಕಿಟಕಿ ಬಾಜೂಕ ಕುಂತಿದ್ರು. ಇದು ಆ ಬಸ್ಸ್ ಅಲ್ಲ, ನಿಮಗ ತಿಳಿಯಂಗಿಲ್ಲ, ಇಳೀರಿ ಅಂತ ಮಂದಿ ಮುಂದ ರಟ್ಟಿ ಹಿಡಿದು ಇಳಿಸಿದೆ. ಇದ ಬಸ್ಸು ಅಂತ ಎರಡು ಸಲ ಅಂದ್ರು, ಆಮ್ಯಾಲ ನನ್ನ ಮುಖ ನೋಡಿ ಸುಮ್ಮನಾದ್ರು. ನಾ ಬೋರ್ಡ್ ಓದಲಿಲ್ಲ. ನನಗ ಓದಾಕ ಬರೂದಿಲ್ಲ."

ಅವರು ನನ್ನ ಕೈ ಹಿಡಿದರು.

"ಅದು ಗುರುಮಠಕಲ್ಲಿನ ಬಸ್ಸ ಇತ್ತೇನಮ್ಮಾ?"

"ಹೌದ್ರಿ ಖಾಲಾ" ಎಂದೆ. "ಅದ ಬಸ್ಸು ಇತ್ತು."